ಬರೆದದ್ದೆಷ್ಟು, ಬಿಟ್ಟದ್ದೆಷ್ಟು: ಸ್ವರಲಿಪಿ ಬೆಳೆದುಬಂದ ಬಗೆ

ಸಂಗೀತವನ್ನು ಬರೆದಿಡುವ ಲಿಪಿಗಳ ಚರಿತ್ರೆಯನ್ನು ಸಾಮಾನ್ಯವಾಗಿ ಪ್ರಗತಿಯ ಕಥೆಯಾಗಿ ಹೇಳಲಾಗುತ್ತದೆ: ಮೊದಲು ಅಸ್ಪಷ್ಟ ಗುರುತುಗಳಿದ್ದವು, ಬಳಿಕ ಗೆರೆಗಳು ಬಂದವು, ಆಮೇಲೆ ಕಾಲಪ್ರಮಾಣ ಸೇರಿತು, ಕೊನೆಗೆ ಎಲ್ಲವೂ ನಿಖರವಾಯಿತು. ಹಳೆಯ ಬರಹಗಳನ್ನು ಒಂದರ ಪಕ್ಕ ಒಂದಿಟ್ಟು ನೋಡಿದರೆ ಈ ಕಥೆ ನಿಲ್ಲುವುದಿಲ್ಲ. ಪ್ರತಿಯೊಂದು ಸ್ವರಲಿಪಿಯೂ ತನ್ನ ಕಾಲದ ಗಾಯಕರು, ವಾದಕರು ಯಾವುದನ್ನು ಮರೆಯಬಹುದಿತ್ತೋ, ಯಾವುದರ ಬಗ್ಗೆ ಜಗಳವಾಡಬಹುದಿತ್ತೋ ಅದನ್ನು ಬರೆದಿದೆ. ಎಲ್ಲರಿಗೂ ಗೊತ್ತಿದ್ದುದನ್ನು ಬಿಟ್ಟಿದೆ. ಹಾಗಾಗಿ ಒಂದು ಲಿಪಿಯನ್ನು ಅರ್ಥಮಾಡಿಕೊಳ್ಳಲು ಅದರಲ್ಲಿ ಏನಿದೆ ಎಂದು ಕೇಳಿದಷ್ಟೇ ಏನಿಲ್ಲ ಎಂದೂ ಕೇಳಬೇಕಾಗುತ್ತದೆ. ಸಂಗೀತದ ಬರಹ ಕಾಗದದಿಂದ ಕಂಪ್ಯೂಟರಿನ ಕಡತಕ್ಕೆ ವರ್ಗವಾಗುತ್ತಿರುವ ಈ ಕಾಲದಲ್ಲಿ ಆ ಪ್ರಶ್ನೆಗೆ ಹೊಸ ತುರ್ತು ಬಂದಿದೆ, ಏಕೆಂದರೆ ಎಲ್ಲರಿಗೂ ಗೊತ್ತಿರುವ ಸಂಗತಿ ಎಂಬುದೊಂದು ಯಂತ್ರದ ಪಾಲಿಗೆ ಇಲ್ಲವೇ ಇಲ್ಲ.

ಸಿರಿಯಾದ ಕರಾವಳಿಯಲ್ಲಿದ್ದ ಪ್ರಾಚೀನ ಉಗರಿತ್ ನಗರದ ಅವಶೇಷಗಳಲ್ಲಿ ದೊರೆತ, ಸುಮಾರು ಕ್ರಿ.ಪೂ. 1400ರ ಮಣ್ಣಿನ ಫಲಕವೊಂದು ಈ ಮಾತಿಗೆ ಒಳ್ಳೆಯ ಸಾಕ್ಷಿ. ಹೆಚ್ಚುಕಡಿಮೆ ಪೂರ್ತಿಯಾಗಿ ಉಳಿದುಬಂದಿರುವ ಸ್ವರಲಿಪಿಸಹಿತ ಹಾಡುಗಳಲ್ಲಿ ಇದೇ ಅತ್ಯಂತ ಹಳೆಯದು. ಫಲಕದ ಮೇಲ್ಭಾಗದಲ್ಲಿ ನಿಕ್ಕಲ್ ಎಂಬ ದೇವತೆಯ ಸ್ತುತಿ ಹುರಿಯನ್ ಭಾಷೆಯಲ್ಲಿದೆ. ಅದರ ಕೆಳಗೆ ಅಡ್ಡಗೀಟು ಎಳೆದು, ಅಕ್ಕಾಡಿಯನ್ ಭಾಷೆಯಿಂದ ಬಂದ ಪಾರಿಭಾಷಿಕ ಪದಗಳನ್ನು ಸಾಲಾಗಿ ಬರೆದು, ಪ್ರತಿ ಪದದ ಮುಂದೆ ಒಂದು ಸಂಖ್ಯೆಯನ್ನು ಒತ್ತಲಾಗಿದೆ. ಬೇರೆ ಫಲಕಗಳ ನೆರವಿನಿಂದ ಆ ಪದಗಳು ಒಂಬತ್ತು ತಂತಿಗಳ ವಾದ್ಯದಲ್ಲಿ ಎರಡೆರಡು ತಂತಿಗಳ ಜೋಡಿಯನ್ನು ಸೂಚಿಸುತ್ತವೆ ಎಂದು ತಿಳಿದುಬಂದಿದೆ. ಆದರೆ ಆ ಎರಡು ತಂತಿಗಳನ್ನು ಒಟ್ಟಿಗೆ ಮೀಟಬೇಕೋ, ಒಂದರಿಂದ ಇನ್ನೊಂದಕ್ಕೆ ಸ್ವರಗಳನ್ನು ಏರುತ್ತ ಇಳಿಯುತ್ತ ಸಾಗಬೇಕೋ, ಸಂಖ್ಯೆ ಹೇಳುವುದು ಆವರ್ತನೆಯನ್ನೋ ಬೇರೇನನ್ನೋ ಎಂಬುದು ಫಲಕದಲ್ಲಿಲ್ಲ. ಬರೆದವನಿಗೆ ಅದನ್ನು ಹೇಳುವ ಅಗತ್ಯವೇ ಕಂಡಿರಲಿಕ್ಕಿಲ್ಲ. ಪರಿಣಾಮವಾಗಿ ಇಂದಿನ ವಿದ್ವಾಂಸರು ಇದೇ ಫಲಕದಿಂದ ಒಂದಕ್ಕೊಂದು ಹೋಲದ ಹಲವು ರಾಗರಚನೆಗಳನ್ನು ಹೊರತೆಗೆದಿದ್ದಾರೆ. ಅಂತರ್ಜಾಲದಲ್ಲಿ 'ಜಗತ್ತಿನ ಅತಿ ಹಳೆಯ ಹಾಡು' ಎಂದು ಕೇಳಿಸುವ ಪ್ರತಿಯೊಂದು ಧ್ವನಿಮುದ್ರಣವೂ ಅಂಥ ಒಂದು ಊಹೆ ಎನ್ನುವುದನ್ನು ಕೇಳುಗರು ಮರೆಯಬಾರದು.

ಗ್ರೀಕರ ಸ್ವರಲಿಪಿಯ ಗತಿ ಬೇರೆ. ಸಾಹಿತ್ಯದ ಅಕ್ಷರಗಳ ಮೇಲೆ ಸ್ವರವನ್ನು ಸೂಚಿಸುವ ಇನ್ನೊಂದು ಸಾಲು ಅಕ್ಷರಗಳನ್ನು ಇಡುವುದು ಅವರ ಕ್ರಮವಾಗಿತ್ತು. ಕಂಠಕ್ಕೆ ಒಂದು, ವಾದ್ಯಕ್ಕೆ ಇನ್ನೊಂದು ಎಂದು ಎರಡು ಪದ್ಧತಿಗಳಿದ್ದವು. ಡೆಲ್ಫಿಯಲ್ಲಿ ಅಥೆನ್ಸಿನವರ ಭಂಡಾರದ ಗೋಡೆಯ ಮೇಲೆ ಕೆತ್ತಿದ ಸ್ತುತಿಗಳು ಹೀಗೆಯೇ ಉಳಿದುಬಂದಿವೆ. ಇಂದಿನ ಟರ್ಕಿಯಲ್ಲಿರುವ ಟ್ರಾಲ್ಲೆಸ್ ಬಳಿ ದೊರೆತು ಈಗ ಕೋಪನ್‌ಹೇಗನ್ನಿನ ರಾಷ್ಟ್ರೀಯ ವಸ್ತುಸಂಗ್ರಹಾಲಯದಲ್ಲಿರುವ ಸೈಕಿಲೋಸನ ಸ್ಮಾರಕಶಿಲೆ ಇನ್ನೂ ಸ್ವಾರಸ್ಯಕರವಾದುದು. ಕ್ರಿ.ಶ. ಮೊದಲ ಅಥವಾ ಎರಡನೆಯ ಶತಮಾನದ ಈ ಕಂಬದಲ್ಲಿ ಪುಟ್ಟ ಹಾಡೊಂದು ಆದಿಯಿಂದ ಅಂತ್ಯದವರೆಗೆ, ಸ್ವರಾಕ್ಷರಗಳೊಡನೆ, ಎಲ್ಲಿ ಎಷ್ಟು ಎಳೆಯಬೇಕೆಂಬ ಗುರುತುಗಳೊಡನೆ ಇದೆ. 19ನೇ ಶತಮಾನದಲ್ಲಿ ಅದು ಸಿಕ್ಕ ಬಳಿಕ ಒಂದು ಮನೆಯಲ್ಲಿ ಹೂಕುಂಡ ಇಡಲು ಅನುಕೂಲವಾಗಲೆಂದು ಅದರ ಬುಡವನ್ನು ಕೊಯ್ದು ಸಮಮಾಡಿಸಿದ್ದರು. ಕೆಳಗಿನ ಸಾಲು ಹಾಗೆ ಹಾಳಾಯಿತು, ಅದೃಷ್ಟಕ್ಕೆ ಹಾಡಿನ ಭಾಗ ಮೇಲಿತ್ತು. ಈ ಹಾಡನ್ನು ನಾವಿಂದು ಸಾಕಷ್ಟು ವಿಶ್ವಾಸದಿಂದ ಓದಬಲ್ಲೆವಾದರೆ ಅದಕ್ಕೆ ಕಲ್ಲಿನ ಗಟ್ಟಿತನ ಕಾರಣವಲ್ಲ. ಅಲಿಪಿಯಸ್ ಎಂಬ ಶಾಸ್ತ್ರಕಾರ ಯಾವ ಅಕ್ಷರಕ್ಕೆ ಯಾವ ಸ್ವರ ಎಂದು ಮಾಡಿದ ಕೋಷ್ಟಕಗಳು ಹಸ್ತಪ್ರತಿಗಳಲ್ಲಿ ನಕಲಾಗುತ್ತ ಉಳಿದುದೇ ಕಾರಣ. ಉಗರಿತ್ತಿನ ಫಲಕಕ್ಕೆ ಇಂಥ ಪೂರ್ಣ ಕೀಲಿ ದೊರೆಯಲಿಲ್ಲ.

ಕೀಲಿ ಗ್ರಂಥದಲ್ಲಿದ್ದರೂ ಬಳಕೆ ಸತ್ತುಹೋಗಿತ್ತು. 7ನೇ ಶತಮಾನದ ಆರಂಭದಲ್ಲಿ ಸೆವಿಲ್‌ನ ಧರ್ಮಾಧ್ಯಕ್ಷ ಇಸಿಡೋರ್, ನಾದವನ್ನು ಬರೆಯಲು ಬಾರದಾದ್ದರಿಂದ ಅದನ್ನು ನೆನಪಿನಲ್ಲಿಡದಿದ್ದರೆ ನಾಶವಾಗುತ್ತದೆ ಎಂಬರ್ಥದಲ್ಲಿ ಬರೆದ. ಅವನ ಕಾಲದ ಪಶ್ಚಿಮ ಯೂರೋಪಿನ ಮಟ್ಟಿಗೆ ಆ ಮಾತು ನಿಜವಾಗಿತ್ತು.

ಅಲ್ಲಿ ಬರಹ ಮತ್ತೆ ಹುಟ್ಟಿದ್ದು ಆಡಳಿತದ ಒತ್ತಡದಿಂದ. 8 ಮತ್ತು 9ನೇ ಶತಮಾನಗಳಲ್ಲಿ ಫ್ರಾಂಕ್ ದೊರೆಗಳು, ಮುಖ್ಯವಾಗಿ ಷಾರ್ಲಮೇನ್, ತಮ್ಮ ರಾಜ್ಯದ ಎಲ್ಲ ಇಗರ್ಜಿಗಳಲ್ಲಿ ರೋಮಿನ ರೀತಿಯ ಗಾಯನವೇ ನಡೆಯಬೇಕೆಂದು ಬಯಸಿದರು. ವರ್ಷವಿಡೀ ಬೇಕಾಗುವ ನೂರಾರು ಗೀತೆಗಳನ್ನು ಬಾಯಿಪಾಠದಿಂದಲೇ ಒಂದು ನಾಡಿನಿಂದ ಇನ್ನೊಂದಕ್ಕೆ ದಾಟಿಸಿದಾಗ ಊರಿಗೊಂದು ಪಾಠಾಂತರ ಹುಟ್ಟಿ, ಯಾರದು ಸರಿ ಎಂಬ ತಕರಾರು ಎದ್ದಿತು. 9ನೇ ಶತಮಾನದಿಂದ ಸಾಹಿತ್ಯದ ಮೇಲೆ ಕಾಣಿಸಿಕೊಳ್ಳುವ ನ್ಯೂಮ್ ಎಂಬ ಗುರುತುಗಳು ಈ ಹಿನ್ನೆಲೆಯಲ್ಲಿ ಬೆಳೆದವು. ಒಂದು ಚುಕ್ಕೆ, ಒಂದು ಓರೆಗೀಟು, ಮೇಲೆ ಹೋಗಿ ಕೆಳಗೆ ಬಾಗುವ ಕೊಕ್ಕೆ, ಕೆಳಗಿನಿಂದ ಮೇಲಕ್ಕೆ ತಿರುಗುವ ಕೊಕ್ಕೆ: ಒಂದು ಅಕ್ಷರದ ಮೇಲೆ ಧ್ವನಿ ಏರುವುದೋ ಇಳಿಯುವುದೋ, ಎಷ್ಟು ಸ್ವರಗಳ ಗುಂಪಾಗಿ ಚಲಿಸುವುದೋ ಎಂಬುದನ್ನು ಅವು ತಿಳಿಸುತ್ತವೆ. ಎಷ್ಟು ಏರಬೇಕು ಎಂಬುದನ್ನು ಮಾತ್ರ ಹೇಳುವುದಿಲ್ಲ. ಹಾಡು ಗೊತ್ತಿಲ್ಲದವನಿಗೆ ಈ ಪುಟ ನಿರುಪಯೋಗಿ. ಗೊತ್ತಿದ್ದವನಿಗೆ ಬಲು ಸೂಕ್ಷ್ಮವಾದ ಜ್ಞಾಪಕ.

ಸೂಕ್ಷ್ಮ ಎನ್ನುವುದನ್ನು ಒತ್ತಿ ಹೇಳಬೇಕು. ಸ್ವಿಟ್ಜರ್ಲೆಂಡಿನ ಸಾಂಕ್ಟ್ ಗಾಲನ್ ಮಠದಲ್ಲಿ 10ನೇ ಶತಮಾನದ ಆರಂಭದಲ್ಲಿ ಬರೆದ ಏಕಗಾಯಕರ ಪುಸ್ತಕವನ್ನು ನೋಡಿದರೆ, ಅದೇ ಕೊಕ್ಕೆಯ ತುದಿಗೆ ಸಣ್ಣ ಗೀಟು ಸೇರಿಸಿ ಅಲ್ಲಿ ತುಸು ನಿಲ್ಲಬೇಕೆಂದು ಸೂಚಿಸಿರುವುದು ಕಾಣುತ್ತದೆ. ಬೇಗ ಸಾಗು ಎನ್ನುವುದಕ್ಕೆ ಒಂದು ಪುಟ್ಟ ಅಕ್ಷರ, ಹಿಡಿದು ಎಳೆ ಎನ್ನುವುದಕ್ಕೆ ಇನ್ನೊಂದು ಅಕ್ಷರ ಗುರುತಿನ ಪಕ್ಕದಲ್ಲಿ ಕೂತಿರುತ್ತದೆ. ಅನುನಾಸಿಕಗಳಂಥ ವ್ಯಂಜನಗಳ ಮೇಲೆ ಧ್ವನಿ ಕರಗುವುದಕ್ಕೂ ಬೇರೆ ಆಕಾರವಿದೆ. ಸ್ವರಸ್ಥಾನವನ್ನೇ ಹೇಳದ ಲಿಪಿ ಉಚ್ಚಾರದ ನಯಗಾರಿಕೆಯನ್ನು ಇಷ್ಟು ಜತನದಿಂದ ಹೇಳುವುದು ಇಂದಿನ ಕಣ್ಣಿಗೆ ತಲೆಕೆಳಗಾಗಿ ಕಾಣಬಹುದು. ಆದರೆ ರಾಗರಚನೆ ಬಾಯಿಪಾಠವಾಗಿದ್ದ ಗಾಯಕನಿಗೆ ತಪ್ಪುವ ಸಂಭವವಿದ್ದುದು ಈ ನಯದಲ್ಲಿಯೇ.

ಈ ಲೆಕ್ಕಾಚಾರವನ್ನು ತಿರುಗಿಸಿದವನು ಅರೆಜ್ಜೋದ ಗೀದೋ. ಇಟಲಿಯ ಪೊಂಪೋಸಾ ಮಠದಲ್ಲಿದ್ದು, ಬಳಿಕ ಅರೆಜ್ಜೋದಲ್ಲಿ ಹುಡುಗರಿಗೆ ಹಾಡು ಕಲಿಸುತ್ತಿದ್ದ ಈ ಸಂನ್ಯಾಸಿಯ ಸಮಸ್ಯೆ ಶುದ್ಧವಾಗಿ ಶಿಕ್ಷಕನದು: ಗುರು ಹಾಡಿ ತೋರಿಸದೆ ಶಿಷ್ಯರು ಒಂದು ಸಾಲನ್ನೂ ಹಾಡಲಾರರು, ಹತ್ತು ವರ್ಷ ಕಲಿತರೂ ಸ್ವಂತವಾಗಿ ಹೊಸ ಗೀತೆಯನ್ನು ಓದಲಾರರು. ಸುಮಾರು 1025ರಿಂದ 1030ರ ನಡುವೆ ಅವನು ಪ್ರಚುರಪಡಿಸಿದ ಪದ್ಧತಿಯಲ್ಲಿ ಗುರುತುಗಳನ್ನು ಸಮಾಂತರ ಗೆರೆಗಳ ಮೇಲೂ ಗೆರೆಗಳ ನಡುವಿನ ಜಾಗಗಳಲ್ಲೂ ಇಡಲಾಗುತ್ತದೆ. ಗೆರೆ ಎಳೆಯುವುದು ಅವನೊಬ್ಬನ ಕಲ್ಪನೆಯಲ್ಲ. ಗುರುತುಗಳನ್ನು ಎತ್ತರಕ್ಕೆ ತಕ್ಕಂತೆ ಮೇಲೆ ಕೆಳಗೆ ಇಡುವ ಅಭ್ಯಾಸ ಆಗಲೇ ಹಲವೆಡೆ ಶುರುವಾಗಿತ್ತು. ಅವನ ಜಾಣತನವಿದ್ದುದು ಬಣ್ಣದಲ್ಲಿ. ಇಂದು ಎಫ್ ಎನ್ನುವ ಸ್ವರದ ಗೆರೆಗೆ ಕೆಂಪು, ಸಿ ಎನ್ನುವ ಸ್ವರದ ಗೆರೆಗೆ ಹಳದಿ ಬಳಿದ. ಏಳು ಸ್ವರಗಳ ಆ ಶ್ರೇಣಿಯಲ್ಲಿ ಅರ್ಧಸ್ವರದ ಕಿರಿದಾದ ಅಂತರ ಬರುವುದು ಈ ಎರಡು ಸ್ವರಗಳ ಕೆಳಗೆ ಮಾತ್ರ. ಪುಟದ ಮೇಲೆ ಎಲ್ಲ ಮೆಟ್ಟಿಲುಗಳೂ ಸಮವಾಗಿ ಕಂಡರೂ ಕಿವಿಗೆ ಸಮವಲ್ಲದ ಜಾಗ ಎಲ್ಲಿದೆ ಎಂದು ಬಣ್ಣವೇ ಎಚ್ಚರಿಸುತ್ತಿತ್ತು. ಇಂದಿನ ಸ್ಟಾಫ್ ನೊಟೇಶನ್ ಎಂಬ ಐದು ಗೆರೆಗಳ ಬರಹದ ಎಡತುದಿಯಲ್ಲಿ ಬರುವ ಕ್ಲೆಫ್ ಚಿಹ್ನೆಗಳು ಸ್ವರವನ್ನು ಗುರುತಿಸಲು ಗೆರೆಯ ಮೇಲೆ ಬರೆಯುತ್ತಿದ್ದ ಅಕ್ಷರಗಳ ವಿಕಾರಗಳೇ ಹೌದು. ಸಂತ ಯೋಹಾನನ ಸ್ತುತಿಯೊಂದರ ಸಾಲುಗಳು ಒಂದೊಂದು ಸ್ವರ ಮೇಲೇರುತ್ತ ಆರಂಭವಾಗುವುದನ್ನು ಬಳಸಿಕೊಂಡು ಉತ್, ರೆ, ಮಿ, ಫಾ, ಸೋಲ್, ಲಾ ಎಂಬ ಹೆಸರುಗಳನ್ನು ರೂಢಿಗೆ ತಂದವನೂ ಅವನೇ. ತನ್ನ ಕ್ರಮದಲ್ಲಿ ಒಂದು, ಹೆಚ್ಚೆಂದರೆ ಎರಡು ವರ್ಷದಲ್ಲಿ ಗಾಯಕ ತಯಾರಾಗುತ್ತಾನೆ ಎಂದು ಗೀದೋ ಹೇಳಿಕೊಂಡ. ಪೋಪ್ 19ನೇ ಜಾನ್ ಅವನನ್ನು ಕರೆಸಿ, ಪುಸ್ತಕದ ಪುಟಗಳನ್ನು ತಿರುವಿ, ತಾನು ಎಂದೂ ಕೇಳಿರದ ಒಂದು ಸಾಲನ್ನು ಆಗಲೇ ನೋಡಿ ಹಾಡಿ ಬೆರಗಾದನೆಂದು ಗೀದೋನೇ ತನ್ನ ಪತ್ರದಲ್ಲಿ ಬರೆದಿದ್ದಾನೆ. ಸ್ವಪ್ರಶಂಸೆಯ ಪಾಲು ಅದರಲ್ಲಿ ಇರಬಹುದಾದರೂ, ಕೇಳದ ಹಾಡನ್ನು ಹಾಡುವುದೇ ಆ ಕಾಲಕ್ಕೆ ಎಂಥ ವಿಸ್ಮಯವಾಗಿತ್ತೆಂದು ಆ ಪ್ರಸಂಗ ತೋರಿಸುತ್ತದೆ.

ಈ ಲಾಭಕ್ಕೆ ಬೆಲೆ ತೆರಬೇಕಾಯಿತು. ಗೆರೆಗಳ ಮೇಲೆ ಸರಿಯಾಗಿ ಕೂರಬೇಕಾದ ಗುರುತು ಬರಬರುತ್ತ ಚೌಕಾಕಾರದ ಗಟ್ಟಿ ಬಿಂದುವಾಯಿತು. ಹಳೆಯ ಕೊಕ್ಕೆಗಳ ಏರಿಳಿತ, ಬೇಗ-ನಿಧಾನದ ಅಕ್ಷರಗಳು, ಧ್ವನಿ ಕರಗುವ ಗುರುತುಗಳು ಬಹುಪಾಲು ಕೈಬಿಟ್ಟುಹೋದವು. ಬಿಟ್ಟದ್ದರ ಮೌಲ್ಯ ಗೊತ್ತಾದದ್ದು ಸುಮಾರು ಒಂಬತ್ತು ಶತಮಾನಗಳ ಬಳಿಕ. ಫ್ರಾನ್ಸಿನ ಸೊಲೆಮ್ ಮಠದವರು 1979ರಲ್ಲಿ ಹೊರತಂದ ಗೀತಸಂಪುಟದಲ್ಲಿ ಚೌಕ ಸ್ವರಗಳ ಮೇಲೊಂದು, ಕೆಳಗೊಂದು ಸಾಲಿನಲ್ಲಿ ಎರಡು ಹಳೆಯ ಪರಂಪರೆಗಳ ನ್ಯೂಮ್‌ಗಳನ್ನು ಮತ್ತೆ ಸೇರಿಸಲಾಯಿತು. ಗಾಯಕ ಇಂದು ಸ್ವರಸ್ಥಾನವನ್ನು ನಡುವಿನ ಸಾಲಿನಲ್ಲಿ ಓದಿ, ನಡೆಯನ್ನು ಉಳಿದೆರಡು ಸಾಲುಗಳಲ್ಲಿ ಹುಡುಕುತ್ತಾನೆ.

ಕಾಲಪ್ರಮಾಣದ ಪ್ರಶ್ನೆ ಎದ್ದದ್ದು ಒಬ್ಬರಿಗಿಂತ ಹೆಚ್ಚು ಜನ ಬೇರೆ ಬೇರೆ ಸ್ವರಗಳನ್ನು ಏಕಕಾಲದಲ್ಲಿ ಹಾಡತೊಡಗಿದಾಗ. ಎಲ್ಲರೂ ಒಂದೇ ಹಾಡನ್ನು ಹಾಡುವಾಗ ಒಬ್ಬರನ್ನೊಬ್ಬರು ಕೇಳಿ ಸರಿಹೋಗಬಹುದು. ಮೂರು ಧ್ವನಿಗಳು ಮೂರು ದಾರಿಯಲ್ಲಿ ಹೋಗಿ ಒಂದೆಡೆ ಕೂಡಬೇಕಾದರೆ ಅಳತೆ ಬೇಕೇ ಬೇಕು. 12ನೇ ಶತಮಾನದ ಕೊನೆಯಲ್ಲಿ ಪ್ಯಾರಿಸ್ಸಿನ ನೋತ್ರ್ ದಾಮ್ ಸುತ್ತಲಿನ ಸಂಗೀತಗಾರರು ದೀರ್ಘ-ಹ್ರಸ್ವಗಳ ಕೆಲವು ನಿಶ್ಚಿತ ಕ್ರಮಗಳನ್ನು ಗೊತ್ತುಮಾಡಿಕೊಂಡು, ಸ್ವರಗಳನ್ನು ಹೇಗೆ ಗುಂಪುಗೂಡಿಸಿ ಬರೆಯಲಾಗಿದೆ ಎಂಬುದರಿಂದಲೇ ಯಾವ ಕ್ರಮ ಎಂದು ಊಹಿಸಿಕೊಳ್ಳುತ್ತಿದ್ದರು. 13ನೇ ಶತಮಾನದ ಉತ್ತರಾರ್ಧದಲ್ಲಿ ಕೊಲೋನಿನ ಫ್ರಾಂಕೋ ಇಟ್ಟ ಹೆಜ್ಜೆ ನಿರ್ಣಾಯಕವಾದುದು: ಸ್ವರದ ಆಕಾರವೇ ಅದರ ಅವಧಿಯನ್ನು ಹೇಳಬೇಕು. ಇಂದಿನ ಪಾಶ್ಚಾತ್ಯ ಬರಹ ನಿಂತಿರುವುದು ಈ ತತ್ತ್ವದ ಮೇಲೆ. 14ನೇ ಶತಮಾನದ ಆರಂಭದಲ್ಲಿ ಫಿಲಿಪ್ ದ ವಿತ್ರಿಯ ಹೆಸರಿನೊಡನೆ ಜೋಡಿಸಲಾಗುವ ಹೊಸ ಪಂಥ ಇನ್ನೂ ಕಿರಿಯ ಅವಧಿಗಳನ್ನೂ, ಮೂರರ ವಿಭಾಗದ ಜೊತೆಗೆ ಎರಡರ ವಿಭಾಗವನ್ನೂ ಸಮಾನವಾಗಿ ಒಪ್ಪಿಕೊಂಡಿತು. ಮೂರರ ನಡೆಗೆ ಪೂರ್ಣವೃತ್ತ, ಎರಡರ ನಡೆಗೆ ಅರ್ಧವೃತ್ತ ಚಿಹ್ನೆಯಾದವು. ಇಂದು ನಾಲ್ಕರ ನಡೆಗೆ ಬಳಸುವ, ಇಂಗ್ಲಿಷ್ ಸಿ ಅಕ್ಷರದಂತೆ ಕಾಣುವ ಚಿಹ್ನೆ ಆ ಅರ್ಧವೃತ್ತವೇ. ಗಾಯಕರು ಗೀತೆಗಳನ್ನು ಈ ಸಣ್ಣ ಸ್ವರಗಳಿಂದ ಚೂರುಚೂರು ಮಾಡುತ್ತಿದ್ದಾರೆಂದು ಪೋಪ್ 22ನೇ ಜಾನ್ 1324-25ರ ಸುಮಾರಿಗೆ ಆಕ್ಷೇಪದ ಆಜ್ಞೆಯನ್ನೇ ಹೊರಡಿಸಿದ. ಬರೆಯಲು ಬಂದದ್ದರಿಂದಲೇ ಹಾಡಲು ಸಾಧ್ಯವಾದ ಸಂಗೀತವೊಂದು ಆ ಹೊತ್ತಿಗೆ ಹುಟ್ಟಿತ್ತು ಎನ್ನುವುದು ಆ ಸಿಟ್ಟಿನ ಹಿಂದಿರುವ ಸಂಗತಿ.

ಏಷ್ಯಾದ ಪದ್ಧತಿಗಳು ಇದೇ ಸಮಸ್ಯೆಯನ್ನು ಬೇರೆ ತುದಿಯಿಂದ ಹಿಡಿದವು. ಚೀನಾದ ಏಳು ತಂತಿಯ ಗುಚಿನ್ ವಾದ್ಯದ ಬರಹ ಸ್ವರವನ್ನು ಹೇಳುವುದಿಲ್ಲ, ಕೈಯ ಕೆಲಸವನ್ನು ಹೇಳುತ್ತದೆ: ಎಡಗೈಯ ಯಾವ ಬೆರಳು ಎಲ್ಲಿ ಒತ್ತಬೇಕು, ಬಲಗೈಯ ಯಾವ ಬೆರಳು ಯಾವ ತಂತಿಯನ್ನು ಒಳಕ್ಕೆ ಅಥವಾ ಹೊರಕ್ಕೆ ಮೀಟಬೇಕು ಎಂಬುದೆಲ್ಲ ತುಂಡು ಅಕ್ಷರಗಳನ್ನು ಕೂಡಿಸಿದ ಒಂದೇ ಸಂಯುಕ್ತ ಚಿಹ್ನೆಯಲ್ಲಿ ಅಡಕವಾಗಿರುತ್ತದೆ. ಲಯ ಮಾತ್ರ ಬಹುಪಾಲು ಅದರಲ್ಲಿಲ್ಲ. ಹಳೆಯ ಬರಹವನ್ನು ಕೈಗೆತ್ತಿಕೊಂಡ ವಾದಕ ತಿಂಗಳುಗಟ್ಟಲೆ ನುಡಿಸಿ ನೋಡಿ ಅದರ ನಡೆಯನ್ನು ತಾನೇ ಕಂಡುಕೊಳ್ಳಬೇಕು, ಮತ್ತು ಆ ಪರಂಪರೆಯಲ್ಲಿ ಅದೊಂದು ಗೌರವದ ವಿದ್ಯೆ. ಕೊರಿಯಾದಲ್ಲಿ 15ನೇ ಶತಮಾನದ ದೊರೆ ಸೆಜೋಂಗನ ಕಾಲದಲ್ಲಿ ಬಂದ ಪದ್ಧತಿ ಇದಕ್ಕೆ ಸರಿಯಾಗಿ ಎದುರು. ಪುಟವನ್ನು ಮನೆಗಳಾಗಿ ವಿಂಗಡಿಸಿ, ಪ್ರತಿ ಮನೆಗೂ ಕಾಲದ ಒಂದು ಘಟಕ ಎಂದಿಟ್ಟು, ಸ್ವರದ ಹೆಸರನ್ನು ಅದು ಶುರುವಾಗುವ ಮನೆಯಲ್ಲಿ ಬರೆಯುತ್ತಾರೆ. ಖಾಲಿ ಮನೆ ಎಂದರೆ ಹಿಂದಿನ ಸ್ವರ ಮುಂದುವರಿದಿದೆ. ಇಂದಿನ ಸಂಗೀತ ತಂತ್ರಾಂಶಗಳಲ್ಲಿ ಕಾಣುವ ಚೌಕಟ್ಟುಗಳ ಪರದೆಗೆ ಇದರ ತರ್ಕ ಬಹಳ ಹತ್ತಿರದ್ದು.

ಭಾರತದಲ್ಲಿ ಸ್ವರಗಳಿಗೆ ಹೆಸರಿದ್ದುದರಿಂದ ಹೆಸರಿನ ಮೊದಲಕ್ಷರವೇ ಲಿಪಿಯಾಯಿತು. ತಮಿಳುನಾಡಿನ ಪುದುಕೋಟೆ ಬಳಿಯ ಕುಡುಮಿಯಾನ್‌ಮಲೈ ಬಂಡೆಯ ಮೇಲೆ, 7ನೇ ಶತಮಾನದ್ದೆಂದು ಹೇಳಲಾಗುವ ಪಲ್ಲವ ಗ್ರಂಥಲಿಪಿಯ ಶಾಸನವು ಏಳು ರಾಗಗಳಿಗೆ ಏಳು ಭಾಗಗಳಂತೆ, ನಾಲ್ಕು ನಾಲ್ಕು ಸ್ವರಗಳ ಗುಂಪುಗಳನ್ನು ಸಾಲಾಗಿ ಕೊಡುತ್ತದೆ. ಒಂದೇ ಸ್ವರ ಅಲ್ಲಿ ರ, ರಿ, ರು, ರೆ ಎಂದು ಬೇರೆ ಬೇರೆ ಗುಣಿತದಲ್ಲಿ ಬರುತ್ತದೆ. ಈ ಭೇದ ಶ್ರುತಿಯದೋ, ಬೆರಳಿನದೋ ಎಂಬ ಚರ್ಚೆ ಮುಗಿದಿಲ್ಲ. 13ನೇ ಶತಮಾನದಲ್ಲಿ ದೇವಗಿರಿಯ ಯಾದವರ ಆಶ್ರಯದಲ್ಲಿ ಶಾರ್ಙ್ಗದೇವ ಬರೆದ ಸಂಗೀತರತ್ನಾಕರದಲ್ಲೂ ರಾಗಗಳ ಮಾದರಿಗಳು ಸ್ವರಾಕ್ಷರಗಳಲ್ಲಿವೆ. ಆದರೂ ಈ ಲಿಪಿ ಪಾಠದ ಕೇಂದ್ರಕ್ಕೆ ಬರಲಿಲ್ಲ, ಗುರುಮುಖವೇ ಉಳಿಯಿತು. ಇದನ್ನು ಕೊರತೆ ಎಂದು ನೋಡುವವರು ಸಂಗೀತದ ಸ್ವಭಾವವನ್ನು ಗಮನಿಸಬೇಕು. ರಾಗದ ಸತ್ತ್ವ ಬಿಡಿ ಸ್ವರದಲ್ಲಿರದೆ ಒಂದರಿಂದ ಇನ್ನೊಂದಕ್ಕೆ ಹೋಗುವ ಗಮಕದಲ್ಲಿ ಇರುವಾಗ, ಮತ್ತು ಕಛೇರಿಯ ಬಹುಭಾಗ ಮನೋಧರ್ಮದ, ಅಂದರೆ ಆ ಕ್ಷಣದ ಸ್ವಂತ ಕಲ್ಪನೆಯ ಮೇಲೆ ನಡೆಯುವಾಗ, ಬಿಂದುಗಳಾಗಿ ಒಡೆದು ಬರೆಯುವ ಲಿಪಿಯಿಂದ ಸಿಗುವುದು ಅಸ್ಥಿಪಂಜರ ಮಾತ್ರ. ಅದಕ್ಕೆ ಮಾಂಸ ತುಂಬಲು ಪ್ರಯತ್ನಿಸಿದವರಲ್ಲಿ ಸುಬ್ಬರಾಮ ದೀಕ್ಷಿತರು ಮುಖ್ಯರು. 1904ರಲ್ಲಿ ಎಟ್ಟಯಪುರದಿಂದ ತೆಲುಗು ಲಿಪಿಯಲ್ಲಿ ಪ್ರಕಟವಾದ ಅವರ ಸಂಗೀತ ಸಂಪ್ರದಾಯ ಪ್ರದರ್ಶಿನಿಯಲ್ಲಿ ಕಂಪಿತ, ಸ್ಫುರಿತ, ಜಾರು ಮೊದಲಾದ ಗಮಕಗಳಿಗೆ ಬೇರೆ ಬೇರೆ ಚಿಹ್ನೆಗಳಿವೆ. ಆಮೇಲಿನ ಹೆಚ್ಚಿನ ಪಾಠಪುಸ್ತಕಗಳು ಆ ಚಿಹ್ನೆಗಳನ್ನು ಬಿಟ್ಟು, ತಗ್ಗಿನ ಮಂದ್ರಸ್ಥಾಯಿಗೆ ಕೆಳಗೆ ಚುಕ್ಕೆ, ಎತ್ತರದ ತಾರಸ್ಥಾಯಿಗೆ ಮೇಲೆ ಚುಕ್ಕೆ, ಎಳೆತಕ್ಕೆ ಅಲ್ಪವಿರಾಮ ಮತ್ತು ಅರ್ಧವಿರಾಮ ಎಂಬಷ್ಟಕ್ಕೆ ನಿಂತವು. ಉಳಿದುದನ್ನು ಗುರುಗಳು ಹೇಳಿಕೊಡುತ್ತಾರೆ ಎಂಬ ನಂಬಿಕೆ ಅದರ ಹಿಂದಿದೆ.

ಮುದ್ರಣದ ಕಥೆಯನ್ನು ಚುಟುಕಾಗಿ ಹೇಳಬಹುದು. ವೆನಿಸ್ಸಿನ ಪೆತ್ರೂಚಿ 1501ರಲ್ಲಿ ಗೆರೆ, ಸ್ವರ, ಪಠ್ಯಗಳನ್ನು ಬೇರೆ ಬೇರೆಯಾಗಿ, ಒಂದೇ ಹಾಳೆಯನ್ನು ಹಲವು ಸಲ ಅಚ್ಚಿಗೆ ಕೊಟ್ಟು ಮುದ್ರಿಸಿದ. ಪುಟ ಸುಂದರ, ಖರ್ಚು ವಿಪರೀತ. ಪ್ಯಾರಿಸ್ಸಿನ ಅತೆಂಞಾಂ 1528ರ ಹೊತ್ತಿಗೆ ಸ್ವರವನ್ನೂ ಅದರ ಹಿಂದಿನ ಗೆರೆಗಳ ತುಣುಕನ್ನೂ ಒಂದೇ ಅಚ್ಚುಮೊಳೆಯಲ್ಲಿ ಕೂಡಿಸಿ ಒಂದೇ ಒತ್ತಿಗೆ ಕೆಲಸ ಮುಗಿಸಿದ. ಗೆರೆಗಳ ನಡುವೆ ಸಣ್ಣ ಬಿರುಕು ಕಾಣುತ್ತಿತ್ತು, ಕೊಳ್ಳುವವರಿಗೆ ಅದು ಮುಖ್ಯವಾಗಲಿಲ್ಲ. ಬರೆದ ಸಂಗೀತ ಅಪರಿಚಿತರ ಕೈಗೆ ಹೋಗತೊಡಗಿದ ಮೇಲೆ ಬಿಟ್ಟದ್ದನ್ನು ತುಂಬುವ ಒತ್ತಡ ಹೆಚ್ಚಿತು: ಮೆಲ್ಲಗೆ, ಜೋರಾಗಿ ಎಂಬ ಸೂಚನೆಗಳು, ಆವರ್ತ ಬೇರ್ಪಡಿಸುವ ಅಡ್ಡಗೆರೆಗಳು, ಮೇಲ್ಸೆಲ್ 1815ರಲ್ಲಿ ಪೇಟೆಂಟ್ ಪಡೆದ ಮೆಟ್ರೊನೋಮ್ ಎಂಬ ಲಯಯಂತ್ರದ ವೇಗದ ಅಂಕಿಗಳು ಹೀಗೆ ಒಂದೊಂದಾಗಿ ಸೇರಿದವು. ರಚನಕಾರನ ಅಧಿಕಾರ ಬೆಳೆಯಿತು, ವಾದಕನ ಸ್ವಾತಂತ್ರ್ಯ ಅಷ್ಟರಮಟ್ಟಿಗೆ ಕುಗ್ಗಿತು.

ಕಾಗದದ ಮೇಲಿರುವುದೇ ಕೃತಿ ಎಂಬ ಈ ಭಾವನೆ ಕಾನೂನಿಗೂ ಇಳಿಯಿತು. ಯಾಂತ್ರಿಕ ಪಿಯಾನೊಗೆ ಬಳಸುವ ತೂತು ಕೊರೆದ ಸುರುಳಿಗಳನ್ನು ಮನುಷ್ಯ ಓದಲಾರನಾದ್ದರಿಂದ ಅವು ಸಂಗೀತದ ಪ್ರತಿಗಳಲ್ಲ ಎಂದು ಅಮೆರಿಕದ ಸರ್ವೋಚ್ಚ ನ್ಯಾಯಾಲಯ 1908ರಲ್ಲಿ ತೀರ್ಪಿತ್ತಿತು. ಮರುವರ್ಷವೇ ಶಾಸನವನ್ನು ತಿದ್ದಬೇಕಾಯಿತು. ಭಾರತದ 1957ರ ಹಕ್ಕುಸ್ವಾಮ್ಯ ಕಾಯಿದೆ ಕೂಡ ಸಂಗೀತಕೃತಿ ಎಂದರೆ ಮುದ್ರಿಸಿದ ಅಥವಾ ಬರಹಕ್ಕಿಳಿಸಿದ ಸ್ವರರಚನೆ ಎಂದೇ ಹೇಳಿತ್ತು. ಬಾಯಿಂದ ಬಾಯಿಗೆ ಸಾಗುವ ಸಂಗೀತವೇ ಪ್ರಧಾನವಾದ ದೇಶಕ್ಕೆ ಆ ವ್ಯಾಖ್ಯೆ ಹೊಂದುತ್ತಿರಲಿಲ್ಲ. ಬರಹವನ್ನು ಕಡ್ಡಾಯವಾಗಿ ಕೇಳದಂತೆ ಅದು ಬದಲಾದದ್ದು 1994ರ ತಿದ್ದುಪಡಿಯಲ್ಲಿ.

ಧ್ವನಿಮುದ್ರಣ ಬಂದ ಮೇಲೆ ಸ್ವರಲಿಪಿಯ ಕೆಲಸ ಎರಡಾಗಿ ಸೀಳಿತು. ಹಂಗೆರಿಯ ಹಳ್ಳಿಗಳಲ್ಲಿ ಮೇಣದ ಸಿಲಿಂಡರುಗಳ ಮೇಲೆ ಜನಪದ ಗೀತೆಗಳನ್ನು ಮುದ್ರಿಸಿಕೊಂಡ ಸಂಗೀತ ರಚನಕಾರ ಬಾರ್ಟೋಕ್, ಅವುಗಳನ್ನು ಮತ್ತೆ ಮತ್ತೆ ಕೇಳಿ ಬರೆದ ಪುಟಗಳು ವರ್ಷ ಕಳೆದಂತೆ ಎಷ್ಟು ದಟ್ಟವಾದವೆಂದರೆ ಅವನ್ನು ನೋಡಿ ಹಾಡುವುದು ಯಾರಿಗೂ ಸುಲಭವಲ್ಲ. ಹೇಗೆ ಹಾಡಬೇಕೆಂದು ಹೇಳುವ ಬರಹ ಬೇರೆ, ಹೇಗೆ ಹಾಡಲಾಯಿತೆಂದು ದಾಖಲಿಸುವ ಬರಹ ಬೇರೆ ಎಂದು ಅಮೆರಿಕದ ಸಂಗೀತಶಾಸ್ತ್ರಜ್ಞ ಚಾರ್ಲ್ಸ್ ಸೀಗರ್ 1958ರಲ್ಲಿ ಸ್ಪಷ್ಟವಾಗಿ ವಿಂಗಡಿಸಿದ. ಇಂದಿನ ಗೊಂದಲಗಳಲ್ಲಿ ಅರ್ಧದಷ್ಟು ಈ ಎರಡನ್ನೂ ಒಂದೇ ಎಂದುಕೊಳ್ಳುವುದರಿಂದ ಹುಟ್ಟುತ್ತವೆ.

1983ರಲ್ಲಿ ರೂಢಿಗೆ ಬಂದ ಮಿಡಿ ಪದ್ಧತಿಯನ್ನೇ ನೋಡಿ. ವಿದ್ಯುನ್ಮಾನ ವಾದ್ಯಗಳು ಪರಸ್ಪರ ಸಂದೇಶ ಕಳಿಸಲೆಂದು ಮಾಡಿದ ಇದು ಕೀಲಿಮಣೆಯ ಯಾವ ಮನೆಯನ್ನು, ಯಾವ ಕ್ಷಣದಲ್ಲಿ, ಎಷ್ಟು ವೇಗವಾಗಿ ಒತ್ತಲಾಯಿತು, ಯಾವಾಗ ಬಿಡಲಾಯಿತು ಎಂದು ಕರಾರುವಾಕ್ಕಾಗಿ ದಾಖಲಿಸುತ್ತದೆ. ಸ್ವರಗಳಿಗೆ 0ಯಿಂದ 127ರವರೆಗಿನ ಸಂಖ್ಯೆಗಳಿವೆ. ಕೀಲಿಮಣೆಯಲ್ಲಿ ಒಂದೇ ಮನೆಯ ಎರಡು ಹೆಸರುಗಳಾದ ಸಿ ಶಾರ್ಪ್, ಡಿ ಫ್ಲಾಟ್ ಎರಡಕ್ಕೂ ಸಂಖ್ಯೆ ಒಂದೇ. ಆದರೆ ಓದುವ ಸಂಗೀತಗಾರನಿಗೆ ಇವುಗಳಲ್ಲಿ ಯಾವುದನ್ನು ಬರೆದಿದೆ ಎಂಬುದರಿಂದ ರಚನೆಯ ದಿಕ್ಕೇ ತಿಳಿಯುತ್ತದೆ. ಬೆರಳಿನ ಚಲನೆಯನ್ನು ಪೂರ್ತಿ ಹಿಡಿದ ಬರಹ ವ್ಯಾಕರಣವನ್ನು ಕೈಬಿಟ್ಟಿತು. ಆ ಅಂತರವನ್ನು ತುಂಬಲು 2004ರಲ್ಲಿ ಬಂದ ಮ್ಯೂಸಿಕ್ ಎಕ್ಸ್‌ಎಂಎಲ್ ಮಾದರಿಯು ಸ್ವರದ ಕಾಗುಣಿತ, ಅವಧಿ, ಆವರ್ತ, ಸಾಹಿತ್ಯ ಎಲ್ಲವನ್ನೂ ಯಾವ ತಂತ್ರಾಂಶವಾದರೂ ಓದಬಹುದಾದ ಮುಕ್ತ ರೂಪದಲ್ಲಿ ಇಡುತ್ತದೆ.

ಮುಕ್ತ ರೂಪ ಏಕೆ ಬೇಕೆಂಬುದು 2024ರ ಆಗಸ್ಟ್ 26ರಂದು ಎಲ್ಲರಿಗೂ ಅರ್ಥವಾಯಿತು. 1988ರಿಂದ ಚಾಲ್ತಿಯಲ್ಲಿದ್ದ, ಸ್ವರಲಿಪಿ ಬರೆಯುವ ಫಿನಾಲೆ ತಂತ್ರಾಂಶದ ಅಭಿವೃದ್ಧಿಯನ್ನು ನಿಲ್ಲಿಸುವುದಾಗಿ ಅದರ ಕಂಪನಿ ಆ ದಿನ ಪ್ರಕಟಿಸಿತು. ಹೊಸ ಕಂಪ್ಯೂಟರಿನಲ್ಲಿ ಅದನ್ನು ಸಕ್ರಿಯಗೊಳಿಸುವ ಸೌಲಭ್ಯವೂ ಒಂದು ವರ್ಷದ ಬಳಿಕ ಇರದೆಂದು ಮೊದಲು ಹೇಳಿ, ಬಳಕೆದಾರರ ವಿರೋಧದ ನಂತರ ಆ ಗಡುವನ್ನು ಹಿಂತೆಗೆಯಿತು. ದಶಕಗಳ ರಚನೆಗಳನ್ನು ಆ ಕಡತಗಳಲ್ಲಿ ಇಟ್ಟಿದ್ದವರು ಅವನ್ನು ಮ್ಯೂಸಿಕ್ ಎಕ್ಸ್‌ಎಂಎಲ್‌ಗೆ ಬದಲಿಸತೊಡಗಿದಾಗ ಸ್ವರಗಳು, ಅವಧಿಗಳು ಬಹುಪಾಲು ಸರಿಯಾಗಿ ದಾಟಿದವು. ಪುಟವಿನ್ಯಾಸ, ವಿಶೇಷ ಚಿಹ್ನೆಗಳು, ಕೈಯಾರೆ ಮಾಡಿಕೊಂಡ ಹೊಂದಾಣಿಕೆಗಳು ಎಷ್ಟೋ ಕಡೆ ದಾಟಲಿಲ್ಲ. ಅದಕ್ಕಾಗಿಯೇ ಸಂಪಾದಕರು ಕಡತದ ಜೊತೆಗೆ ಪುಟದ ಚಿತ್ರವನ್ನೂ ಉಳಿಸಿಕೊಳ್ಳುತ್ತಾರೆ.

ಗಮಕಪ್ರಧಾನ ಸಂಗೀತಕ್ಕೆ ಈ ಯಾವ ಮಾದರಿಯೂ ಸಾಲದು. ಮ್ಯೂಸಿಕ್ ಎಕ್ಸ್‌ಎಂಎಲ್‌ನಲ್ಲಿ ಅರ್ಧಸ್ವರಕ್ಕಿಂತ ಚಿಕ್ಕ ವ್ಯತ್ಯಾಸವನ್ನು ದಶಮಾಂಶದಲ್ಲಿ ಕೊಡಬಹುದು ನಿಜ, ಆದರೆ ಅದೂ ಸ್ವರವನ್ನು ಒಂದು ನಿಂತ ಬಿಂದು ಎಂದೇ ಭಾವಿಸುತ್ತದೆ. ಬಾರ್ಸಿಲೋನಾದ ಪೊಂಪೆಯು ಫಾಬ್ರಾ ವಿಶ್ವವಿದ್ಯಾಲಯದಲ್ಲಿ 2011ರಿಂದ ನಡೆದ ಕಾಂಪ್‌ಮ್ಯೂಸಿಕ್ ಸಂಶೋಧನೆ ಟರ್ಕಿಯ ಮಕಾಮ್ ಸಂಗೀತಕ್ಕೆ ಯಂತ್ರ ಓದಬಲ್ಲ ಸ್ವರಲಿಪಿಯನ್ನು ಆಧಾರವಾಗಿ ಬಳಸಿತು. ಕರ್ನಾಟಕ ಸಂಗೀತಕ್ಕೆ ಬಂದಾಗ ಹೆಚ್ಚಾಗಿ ಧ್ವನಿಮುದ್ರಣದಿಂದಲೇ ಶ್ರುತಿಯ ಏರಿಳಿತವನ್ನು ಅವಿಚ್ಛಿನ್ನ ರೇಖೆಯಾಗಿ ತೆಗೆದು ವಿಶ್ಲೇಷಿಸಿತು. ಆ ರೇಖೆಯಲ್ಲಿ ಗಾಯಕನ ಕಂಪಿತವೂ ಇದೆ, ಉಸಿರಿನ ಅಲುಗಾಟವೂ ಇದೆ, ಆಕಸ್ಮಿಕ ಜಾರುವಿಕೆಯೂ ಇದೆ. ಇವುಗಳಲ್ಲಿ ಯಾವುದು ರಾಗದ್ದು, ಯಾವುದು ಆ ದಿನದ ಗಂಟಲಿನದು ಎಂದು ರೇಖೆ ಹೇಳುವುದಿಲ್ಲ. ಅದನ್ನು ವಿಂಗಡಿಸಿ ಗುರುತು ಹಾಕಲು ಸಂಶೋಧಕರು ಈಗಲೂ ಆ ಸಂಗೀತವನ್ನು ಕಲಿತವರನ್ನೇ ಕೂರಿಸಿಕೊಳ್ಳಬೇಕಾಗಿದೆ.